ಕರ್ನಾಟಕಿ ಎಂಬ ಅಂಕಿತ

ವಿಜಯಪುರ ಜಿಲ್ಲೆಯ ಬಬಲೇಶ್ವರ ಸೀಮೆಯಲ್ಲಿ ಮಮದಾಪುರವೆಂಬ ಊರಿದೆ. ಎರೆಮಣ್ಣಿನ ಆ ಬಯಲಿನಲ್ಲಿ ಕಣ್ಣಿಗೂ ಹೊಲಕ್ಕೂ ತಂಪನ್ನೀಯುವ ದೊಡ್ಡ ಕೆರೆಗಾಗಿ ಅದು ಹೆಸರಾದುದು. ಕೆರೆ ಗೋಲಗುಂಬಜದಲ್ಲಿ ಮಲಗಿರುವ ಮಹಮ್ಮದ್ ಆದಿಲಶಹನ ಕಾಲದ್ದು. ಊರಿಗಿರುವ ಹೆಸರೂ ಅವನದೇ. ಆದರೆ ಬಾದಶಹನ ಆ ಹೆಸರು ಒಕ್ಕಲುಮಕ್ಕಳ ನಾಲಗೆಯ ಮೇಲೆ ಮುನ್ನೂರಕ್ಕೂ ಮಿಕ್ಕಿದ ವರ್ಷಗಳ ಕಾಲ ಹೊರಳಿ, ಹೊಳೆಯ ಕಲ್ಲು ನುಣುಪಾಗುವಂತೆ ಸವೆದು, ಮಮದಾಪುರವಾಗಿ ಉಳಿಯಿತು. ಏರಿಗೆ ಮಣ್ಣು ಹೊತ್ತವರ, ತೂಬಿಗೆ ಕಲ್ಲು ಕಡೆದವರ ಹೆಸರುಗಳು ಯಾರ ನಾಲಗೆಯ ಮೇಲೂ ನಿಲ್ಲಲಿಲ್ಲ. ಕಟ್ಟಿಸಿದವನ ಹೆಸರು ಉಳಿಯುತ್ತದೆ, ಕಟ್ಟಿದವರದು ಅಳಿಯುತ್ತದೆ. ಲೋಕದ ರೂಢಿಯೇ ಹಾಗೆ.

ಹಾಡಿನ ಲೋಕದಲ್ಲಿಯೂ ಈ ರೂಢಿಗೆ ಅಪವಾದ ವಿರಳ. ನಮ್ಮ ಹಿರಿಯರಿಗೆ ಇದು ತಿಳಿಯದ ಸಂಗತಿಯಾಗಿರಲಿಲ್ಲ. ಆದುದರಿಂದಲೇ ವಚನಕಾರರು, ದಾಸರು ತಮ್ಮ ಕೃತಿಗಳ ಕೊನೆಗೆ ಅಂಕಿತವೊಂದನ್ನು ಇಟ್ಟರು. ಚನ್ನಮಲ್ಲಿಕಾರ್ಜುನನ ಹೆಸರು ಕಿವಿಗೆ ಬಿದ್ದೊಡನೆ ಅಕ್ಕನ ನೆನಪಾಗುತ್ತದೆ. ಪುರಂದರವಿಠಲನೆಂದೊಡನೆ ತಂಬೂರಿ ಹಿಡಿದ ದಾಸರು ಕಣ್ಣೆದುರು ನಿಲ್ಲುತ್ತಾರೆ. ದೇವರ ಹೆಸರು ಹೇಳುತ್ತಲೇ ತಮ್ಮ ಗುರುತನ್ನೂ ಉಳಿಸಿಹೋದ ಜಾಣ್ಮೆ ಅದು. ಬಿಜಾಪುರದ ಗದ್ದುಗೆಯ ಮೇಲೆ ಕುಳಿತು ದಖನಿ ಭಾಷೆಯಲ್ಲಿ ರಾಗಗಳಿಗೆ ಹಾಡು ಕಟ್ಟಿ 'ಕಿತಾಬ್-ಎ-ನವರಸ್' ಎಂಬ ಗ್ರಂಥವನ್ನೇ ರಚಿಸಿದ ಎರಡನೆಯ ಇಬ್ರಾಹಿಂ ಆದಿಲಶಹನೂ ತನ್ನ ಹಾಡುಗಳಲ್ಲಿ ತನ್ನ ಹೆಸರನ್ನು ನೆಯ್ದಿರುವನು. ಆದರೆ ಅದೇ ನಾಡಿನ ಮನೆಮನೆಗಳಲ್ಲಿ ಬೆಳಗಿನ ಜಾವಕ್ಕೆದ್ದು ಬೀಸುಕಲ್ಲಿನ ಮುಂದೆ ಕುಳಿತ ಹೆಂಗಸರು ಕಟ್ಟಿದ ಸಾವಿರಾರು ಪದಗಳಿಗೆ ಅಂಕಿತವಿಲ್ಲ. ರಾಜನ ಹಾಡಿಗೆ ರಾಜನ ಹೆಸರಿದೆ. ಬೀಸುವವಳ ಹಾಡಿಗೆ ಹಿಟ್ಟಿನ ವಾಸನೆಯೊಂದೇ ಗುರುತು.

ಯಂತ್ರಗಳು ಬಂದ ಮೇಲೆ ಈ ಸ್ಥಿತಿ ಬದಲಾಗಬಹುದಿತ್ತು. ಗ್ರಾಮಫೋನ್ ತಟ್ಟೆಯ ಧ್ವನಿಮುದ್ರಣ ಭಾರತದಲ್ಲಿ ಆರಂಭವಾದ 1902ರಲ್ಲಿ ಕಲ್ಕತ್ತೆಯ ಗೌಹರ್ ಜಾನ್ ತಮ್ಮ ಗಾಯನದ ಕೊನೆಗೆ ತಮ್ಮ ಹೆಸರನ್ನು ತಾವೇ ಕೂಗಿ ಹೇಳಿದರು. ತಟ್ಟೆಗಳು ಅಚ್ಚಾಗುತ್ತಿದ್ದುದು ದೂರದ ಜರ್ಮನಿಯಲ್ಲಿ. ಅಲ್ಲಿನ ಕೆಲಸಗಾರರಿಗೆ ಯಾವ ತಟ್ಟೆ ಯಾರದೆಂದು ತಿಳಿಯಲೆಂದು ಮಾಡಿದ ಏರ್ಪಾಡು ಅದು. ಆದರೆ ಕಾರಣವೇನೇ ಇರಲಿ, ಒಬ್ಬ ಹೆಂಗಸು ತನ್ನ ಹಾಡಿಗೆ ತನ್ನ ಹೆಸರಿನ ಮುದ್ರೆಯನ್ನು ತನ್ನ ಕಂಠದಿಂದಲೇ ಒತ್ತಿದ್ದು ಸಣ್ಣ ಮಾತಲ್ಲ. ಮೈಸೂರಿನ ಅರಸರ ಆಶ್ರಯಕ್ಕೆ ಬಂದು 1930ರಲ್ಲಿ ಕನ್ನಡ ನೆಲದಲ್ಲಿಯೇ ಅವರು ಕಣ್ಣುಮುಚ್ಚಿದರೆಂಬುದನ್ನು ಇಲ್ಲಿ ನೆನೆಯಬೇಕು. ಅವರು ಕಾಲವಾದ ಕೆಲವೇ ವರ್ಷಗಳಲ್ಲಿ ಇನ್ನೊಬ್ಬ ಗಾಯಕಿ ಬೋಲಪಟದ ಲೋಕವನ್ನು ಪ್ರವೇಶಿಸಿದರು. ಅವರು ತಮ್ಮ ಹೆಸರಿನೊಡನೆ ಒಂದು ನಾಡಿನ ಹೆಸರನ್ನೂ ಹೊತ್ತಿದ್ದರು. ಅವರೇ ಬೀಳಗಿಯ ಅಮೀರಬಾಯಿ ಕರ್ನಾಟಕಿ.

ಬೀಳಗಿ ಈಗ ಬಾಗಲಕೋಟೆ ಜಿಲ್ಲೆಗೆ ಸೇರಿದೆ. 1997ರಲ್ಲಿ ಆ ಜಿಲ್ಲೆ ಬೇರೆಯಾಗುವ ತನಕ ಅದು ಬಿಜಾಪುರ ಜಿಲ್ಲೆಯದೇ ಊರು. ಕಳೆದ ಶತಮಾನದ ಆರಂಭದ ವರ್ಷಗಳಲ್ಲಿ ಅಲ್ಲಿ ಹುಟ್ಟಿದ ಅಮೀರಬಾಯಿಗೆ ಹಾಡು ಮನೆಯ ಆಸ್ತಿಯಾಗಿ ಬಂದದ್ದು. ನಾಟಕ ಮಂಡಲಿಗಳ ಒಡನಾಟವಿದ್ದ ಬಡ ಕುಟುಂಬವದು. ಆ ಕಾಲದಲ್ಲಿ ಕೃಷ್ಣೆ ಮಲಪ್ರಭೆಗಳ ಸೀಮೆಯಲ್ಲಿ ಕಂಪನಿ ನಾಟಕವೆಂದರೆ ಸಂಗೀತವೇ ನಾಟಕ. ಮರಾಠಿ ರಂಗಗೀತೆಯ ಬೆಡಗೂ ಹಿಂದೂಸ್ತಾನಿ ರಾಗದ ಗಾಂಭೀರ್ಯವೂ ಕನ್ನಡದ ಮಟ್ಟುಗಳೊಡನೆ ಬೆರೆತು, ಊರಿಂದೂರಿಗೆ ಚಕ್ಕಡಿಯ ಮೇಲೆ ಸಾಗುತ್ತಿದ್ದವು. ಅಕ್ಕತಂಗಿಯರಲ್ಲಿ ಇಬ್ಬರು ಹೆಸರಾದರು. ಗೋಹರಬಾಯಿ ಮರಾಠಿ ರಂಗಭೂಮಿಯ ಸೇರಿ, ಬಾಲಗಂಧರ್ವರ ಮಂಡಲಿಯಲ್ಲಿ ನಾಯಕಿಯಾಗಿ, ಮುಂದೆ ಅವರ ಬಾಳಸಂಗಾತಿಯೂ ಆದರು. ಅಮೀರಬಾಯಿ ಮುಂಬಯಿಯ ಚಿತ್ರಲೋಕದ ಕಡೆಗೆ ನಡೆದರು.

ಇಬ್ಬರ ಹೆಸರಿನ ಮುಂದೂ 'ಕರ್ನಾಟಕಿ' ಎಂಬ ಪದ ಅಂಟಿಕೊಂಡಿತು. ಮುಂಬಯಿಯಲ್ಲಿ ಆ ಹೆಸರು ಅಪರಿಚಿತವೇನಾಗಿರಲಿಲ್ಲ. ಮರಾಠಿಯ ಪ್ರಸಿದ್ಧ ನಟ ನಿರ್ದೇಶಕ ಮಾಸ್ಟರ್ ವಿನಾಯಕರ ಅಡ್ಡಹೆಸರೂ ಕರ್ನಾಟಕಿಯೇ. ಆದರೂ ಈ ಪದದ ಸ್ವಾರಸ್ಯವನ್ನು ತಿಳಿಯಬೇಕಾದರೆ ಅಂದಿನ ಭೂಪಟವನ್ನೊಮ್ಮೆ ಬಿಚ್ಚಿ ನೋಡಬೇಕು. ಅಮೀರಬಾಯಿಯವರ ಮೊದಲ ಚಿತ್ರ 'ವಿಷ್ಣುಭಕ್ತಿ' ತೆರೆಗೆ ಬಂದ 1934ರಲ್ಲಿ ಕರ್ನಾಟಕವೆಂಬ ರಾಜ್ಯವೇ ಇರಲಿಲ್ಲ. ಬಿಜಾಪುರ, ಧಾರವಾಡ, ಬೆಳಗಾವಿಗಳು ಮುಂಬಯಿ ಇಲಾಖೆಯಲ್ಲಿದ್ದವು. ಗುಲಬರ್ಗಾ, ರಾಯಚೂರು, ಬೀದರಗಳು ನಿಜಾಮನ ಕೈಯಲ್ಲಿದ್ದವು. ಬಳ್ಳಾರಿ, ಮಂಗಳೂರುಗಳು ಮದ್ರಾಸಿನ ಪಾಲಾಗಿದ್ದವು. ಮೈಸೂರು ಅರಸರದು, ಕೊಡಗು ಬೇರೆಯೇ ಒಂದು ಸೀಮೆ. ಕರ್ನಾಟಕವೆಂಬ ಹೆಸರು ಆಗ ಬದುಕಿದ್ದುದು ಕವಿಗಳ ಹಾಡಿನಲ್ಲಿ, 1890ರಲ್ಲಿ ಧಾರವಾಡದಲ್ಲಿ ಹುಟ್ಟಿದ ವಿದ್ಯಾವರ್ಧಕ ಸಂಘದಂತಹ ಸಂಸ್ಥೆಗಳ ಫಲಕದಲ್ಲಿ, ಏಕೀಕರಣಕ್ಕಾಗಿ ಊರೂರು ಅಲೆದವರ ಭಾಷಣದಲ್ಲಿ. ಸರ್ಕಾರದ ಕಡತದಲ್ಲಿ ಇಲ್ಲದ ಆ ನಾಡನ್ನು ಬೀಳಗಿಯ ಹೆಣ್ಣುಮಗಳೊಬ್ಬರು ತಮ್ಮ ಹೆಸರಿನ ತುದಿಯಲ್ಲಿ ಕಟ್ಟಿಕೊಂಡು, ಭಾರತದ ಚಿತ್ರಮಂದಿರಗಳಲ್ಲೆಲ್ಲ ತೋರಿಸುತ್ತ ನಡೆದರು.

ಆ ಕಾಲದ ಬೋಲಪಟದ ಕೆಲಸ ಇಂದಿನವರ ಕಲ್ಪನೆಗೆ ನಿಲುಕುವಂತಹದಲ್ಲ. ಮೊದಮೊದಲು ನಟಿಯೇ ಹಾಡಬೇಕು. ಕ್ಯಾಮೆರಾ ಓಡುತ್ತಿರುವಾಗಲೇ ಹಾಡಬೇಕು. ತಬಲೆಯವನು ಮರದ ಮರೆಯಲ್ಲಿ, ಪೇಟಿಯವನು ಪರದೆಯ ಹಿಂದೆ ಅಡಗಿ ಕುಳಿತು ನುಡಿಸುವರು. ಹಿನ್ನೆಲೆ ಗಾಯನ ರೂಢಿಗೆ ಬಂದ ಮೇಲೆ ಮುಖವೊಂದರದು, ಕಂಠ ಇನ್ನೊಂದರದು ಎಂಬ ಏರ್ಪಾಡಾಯಿತು. ಅಮೀರಬಾಯಿ ಈ ಎರಡು ಕಾಲಗಳ ನಡುವಿನ ಹೊಸ್ತಿಲಿನ ಮೇಲೆ ನಿಂತವರು. ನಟಿಯಾಗಿ ಆರಂಭದ ವರ್ಷಗಳು ಅವರಿಗೆ ಹೆಚ್ಚಿನ ಫಲವನ್ನು ಕೊಡಲಿಲ್ಲ. ಕಂಠವೇ ಅವರನ್ನು ಎತ್ತಿ ನಿಲ್ಲಿಸಿತು. 1940ರ 'ನರಸೀ ಭಗತ್' ಚಿತ್ರದಲ್ಲಿ ಗಾಂಧೀಜಿಯವರಿಗೆ ಪ್ರಿಯವಾಗಿದ್ದ ನರಸಿ ಮೆಹತಾನ ಭಜನೆಗೆ ಅವರ ದನಿ ಕೂಡಿತು. 1943ರಲ್ಲಿ ಬಾಂಬೆ ಟಾಕೀಸಿನ 'ಕಿಸ್ಮತ್' ಬಂದಿತು. ಅನಿಲ್ ಬಿಸ್ವಾಸರ ಸಂಗೀತ, ಕವಿ ಪ್ರದೀಪರ ಸಾಹಿತ್ಯ, ತೆರೆಯ ಮೇಲೆ ಮುಮ್ತಾಜ್ ಶಾಂತಿ, ತೆರೆಯ ಹಿಂದೆ ಅಮೀರಬಾಯಿ. ಚಿತ್ರ ಕಲ್ಕತ್ತೆಯ ರಾಕ್ಸಿ ಮಂದಿರದಲ್ಲಿ ಮೂರು ವರ್ಷಕ್ಕೂ ಮಿಕ್ಕಿ ಓಡಿತು. ಪರದೇಶದವರನ್ನು ದೂರ ಸರಿಯೆಂದು ಗದರಿಸುವ ಅದರ ಒಂದು ಹಾಡು ಕ್ವಿಟ್ ಇಂಡಿಯಾ ಚಳವಳಿಯ ಬಿಸಿಯಲ್ಲಿದ್ದ ಜನಕ್ಕೆ ಘೋಷಣೆಯೇ ಆಯಿತು. ಮರುವರ್ಷ ನೌಶಾದರ 'ರತನ್', 1947ರಲ್ಲಿ ಸಿ. ರಾಮಚಂದ್ರರ 'ಶಹನಾಯಿ'. ಹೀಗೆ ಹತ್ತು ವರ್ಷಗಳ ಒಳಗೆ ಬೀಳಗಿಯ ಕಂಠ ಪೇಷಾವರದಿಂದ ಮದ್ರಾಸಿನವರೆಗೆ ಗ್ರಾಮಫೋನಿನ ಮುಳ್ಳಿನ ತುದಿಯಲ್ಲಿ ತಿರುಗಿತು.

ಇಷ್ಟರಲ್ಲಿಯೇ ತೃಪ್ತರಾಗಿದ್ದರೆ ಅಮೀರಬಾಯಿ ಒಬ್ಬ ಸುಪ್ರಸಿದ್ಧ ಗಾಯಕಿ ಎನ್ನುವುದರೊಂದಿಗೆ ಮಾತು ಮುಗಿಯುತ್ತಿತ್ತು. ಅವರು ಇನ್ನೊಂದು ಹೆಜ್ಜೆಯನ್ನಿಟ್ಟರು. 1948ರಲ್ಲಿ ತೆರೆಗೆ ಬಂದ 'ಶಹನಾಜ್' ಚಿತ್ರಕ್ಕೆ ಅವರೇ ಸಂಗೀತ ನಿರ್ದೇಶಕಿಯಾದರು.

ಹಾಡುವುದಕ್ಕೂ ಸಂಗೀತ ನಿರ್ದೇಶನಕ್ಕೂ ಇರುವ ಅಂತರ ಕೇಳುವವರಿಗೆ ಸುಲಭವಾಗಿ ಕಾಣದು. ಅಡಿಗೆಮನೆಯ ದೃಷ್ಟಾಂತವೇ ಇಲ್ಲಿ ಸಮಂಜಸ. ಬಡಿಸುವವಳ ಕೈ ಎಲ್ಲರಿಗೂ ಕಾಣುತ್ತದೆ. ಇಂದು ಏನು ಅಡಿಗೆ, ಎಷ್ಟು ಜನಕ್ಕೆ, ಯಾವ ಸಾಮಾನಿನಲ್ಲಿ ಎಂದು ತೀರ್ಮಾನಿಸುವ ಅಧಿಕಾರ ಯಾರದೆಂಬುದು ಕಾಣುವುದಿಲ್ಲ. ಗಾಯಕಿ ಹೇಳಿಸಿಕೊಳ್ಳುವವಳು, ಸಂಗೀತ ನಿರ್ದೇಶಕ ಹೇಳುವವನು. ಕತೆಯ ಸನ್ನಿವೇಶವನ್ನು ಕೇಳಿ, ಕವಿಯೊಡನೆ ಕುಳಿತು, ಪೇಟಿಯ ಮುಂದೆ ಮಟ್ಟನ್ನು ಹುಡುಕಬೇಕು. ಮೂರು ಮೂರೂವರೆ ನಿಮಿಷಕ್ಕೆ ಮುಗಿದುಹೋಗುವ ತಟ್ಟೆಯ ಒಂದು ಮಗ್ಗುಲಿನಲ್ಲಿ ಪಲ್ಲವಿ, ಚರಣ, ನಡುವಣ ವಾದ್ಯಸಂಗೀತ ಎಲ್ಲವೂ ಹಿಡಿಸುವಂತೆ ಅಳೆಯಬೇಕು. ಗೋವೆಯಿಂದ ಬಂದ ಪಿಟೀಲುಗಾರರು ಪಾಶ್ಚಾತ್ಯ ಸ್ವರಲಿಪಿಯನ್ನು ನೋಡಿ ನುಡಿಸುವರು. ಲಖನೌವಿನ ಸಾರಂಗಿಯವನು ಕಿವಿಯಿಂದ ಕೇಳಿ ನುಡಿಸುವನು. ಇಬ್ಬರನ್ನೂ ಒಂದೇ ತಾಳಕ್ಕೆ ತರಬೇಕು. ಎಲ್ಲರೂ ಒಂದೇ ಕೋಣೆಯಲ್ಲಿ ಕುಳಿತು ಒಟ್ಟಿಗೆ ನುಡಿಸಿ ಹಾಡಿದ್ದು ಒಂದೇ ಸಲಕ್ಕೆ ಅಚ್ಚಾಗುತ್ತಿದ್ದ ಕಾಲವದು. ಯಾರೊಬ್ಬರು ತಪ್ಪಿದರೂ ಎಲ್ಲರೂ ಮೊದಲಿನಿಂದ ಆರಂಭಿಸಬೇಕು. ಎಲ್ಲಕ್ಕಿಂತ ಮಿಗಿಲಾಗಿ, ಹಣ ಹೂಡಿದ ನಿರ್ಮಾಪಕನನ್ನು ಒಪ್ಪಿಸಬೇಕು. ಗಂಡಸರೇ ತುಂಬಿದ ಆ ಕೋಣೆಯಲ್ಲಿ ಕೈಯೆತ್ತಿ 'ಇನ್ನೊಮ್ಮೆ' ಎನ್ನುವ ಅಧಿಕಾರವನ್ನು ಒಬ್ಬ ಹೆಂಗಸಿಗೆ ಕೊಡಲು ಚಿತ್ರೋದ್ಯಮ ಸಿದ್ಧವಾಗಿರಲಿಲ್ಲ.

ಹಾಗೆಂದು ಅಮೀರಬಾಯಿಯೇ ಮೊದಲಿಗರೆಂದು ಹೇಳುವುದು ಸತ್ಯಕ್ಕೆ ಅಪಚಾರ. 1934ರಲ್ಲಿ 'ಅದಲ್-ಎ-ಜಹಾಂಗೀರ್' ಚಿತ್ರಕ್ಕೆ ನಟಿ ಬಿಬ್ಬೋ ಸಂಗೀತ ನೀಡಿದ್ದರು. ಮರುವರ್ಷ ನರ್ಗಿಸರ ತಾಯಿ ಜದ್ದನ್‌ಬಾಯಿ 'ತಲಾಶ್-ಎ-ಹಕ್' ಚಿತ್ರಕ್ಕೆ ರಾಗ ಸಂಯೋಜಿಸಿದರು. ಅದೇ ವರ್ಷ ಬಾಂಬೆ ಟಾಕೀಸಿನ 'ಜವಾನಿ ಕೀ ಹವಾ' ಚಿತ್ರದಿಂದ ಸರಸ್ವತೀ ದೇವಿಯವರ ಕಾರ್ಯ ಆರಂಭವಾಯಿತು. 'ಅಛೂತ್ ಕನ್ಯಾ' ಮೊದಲಾದ ಚಿತ್ರಗಳಿಂದ ಅವರು ಮನೆಮಾತಾದರು. ಆದರೆ ಸರಸ್ವತೀ ದೇವಿ ಎಂಬುದು ಅವರ ಹುಟ್ಟುಹೆಸರಲ್ಲ. ಅವರು ಪಾರ್ಸಿ ಮನೆತನದ ಖುರ್ಷೀದ್ ಮಿನೋಚೆರ್-ಹೋಮ್‌ಜಿ. ತಮ್ಮ ಕುಲದ ಹೆಣ್ಣುಮಕ್ಕಳು ಸಿನಿಮಾ ಸೇರುವುದನ್ನು ಆ ಸಮಾಜದವರು ಪ್ರತಿಭಟಿಸಿದಾಗ ಹೊಸ ಹೆಸರಿನ ಮರೆ ಬೇಕಾಯಿತು. ಪ್ರತಿಭೆಯನ್ನು ಹೊರಗಿಡಲು ಹೆಸರನ್ನು ಒಳಗಿಡಬೇಕಾದ ಪರಿಸ್ಥಿತಿ!

ಈ ಹಿನ್ನೆಲೆಯಲ್ಲಿ 'ಶಹನಾಜ್' ಚಿತ್ರದ ಮಹತ್ವವನ್ನು ಅಳೆಯಬೇಕು. ಅದು ಚಿತ್ರರಂಗದ ಇತಿಹಾಸದಲ್ಲಿ ಮಹಾಚಿತ್ರವೆಂದು ದಾಖಲಾಗಿಲ್ಲ. 'ಕಿಸ್ಮತ್' ಅಥವಾ 'ರತನ್' ಚಿತ್ರಗಳ ಹಾಡುಗಳಂತೆ ಅದರ ಹಾಡುಗಳು ಬಾಯಿಂದ ಬಾಯಿಗೆ ಹರಡಿ ಉಳಿಯಲಿಲ್ಲ. ಆದರೂ ಅಲ್ಲಿ ಒಬ್ಬ ಗಾಯಕಿ ಮರೆಹೆಸರಿನ ಹಂಗಿಲ್ಲದೆ, ತಮ್ಮ ಹೆಸರಿನಲ್ಲಿ, ತಮ್ಮ ನಾಡಿನ ಹೆಸರಿನಲ್ಲಿ ಸಂಗೀತಕ್ಕೆ ಹೊಣೆಯಾದರು. ಹದಿನಾಲ್ಕು ವರ್ಷ ಇತರರ ಮಟ್ಟಿಗೆ ಕಂಠ ಕೊಟ್ಟವರು ಒಮ್ಮೆಯಾದರೂ ತಮ್ಮ ಮಟ್ಟಿಗೆ ಇತರರನ್ನು ಕೂಡಿಸಿದರು.

ಒಮ್ಮೆ ಮಾತ್ರ. ಸಂಗೀತ ನಿರ್ದೇಶಕಿಯಾಗಿ ಅವರ ಹೆಸರಿನೊಡನೆ ನೆನಪಾಗುವುದು ಅದೊಂದೇ ಚಿತ್ರ. ಏಕೆ? ವಿದ್ಯೆಯ ಕೊರತೆಯೆಂದು ಹೇಳುವಂತಿಲ್ಲ. ರಂಗಗೀತೆ, ಕವ್ವಾಲಿ, ಭಜನೆ, ಗಜಲುಗಳೆಲ್ಲ ಅವರ ಕಂಠದಲ್ಲಿ ಪಳಗಿದ್ದವು. ಅನಿಲ್ ಬಿಸ್ವಾಸ್, ನೌಶಾದ್, ರಾಮಚಂದ್ರರಂತಹವರು ಮಟ್ಟು ಕಟ್ಟುವ ಬಗೆಯನ್ನು ಹತ್ತಿರದಿಂದ ಕಂಡಿದ್ದರು. ಅವರಿಗೆ ಪ್ರತಿಕೂಲವಾದುದು ಕಾಲ. 1947ರ ದೇಶವಿಭಜನೆ ಚಿತ್ರೋದ್ಯಮವನ್ನೂ ಸೀಳಿತು. ನೂರ್‌ಜಹಾನರಂತಹ ಗಾಯಕಿಯೇ ಗಡಿಯಾಚೆ ನಡೆದರು. ಅಮೀರಬಾಯಿಯವರ ಮೊದಲ ದಾಂಪತ್ಯ ಕಹಿಯಾಗಿ ಕೊನೆಗೊಂಡುದೂ ಆ ಕಾಲದಲ್ಲಿಯೇ. ಇತ್ತ ಕೇಳುವ ಕಿವಿಗಳೇ ಬದಲಾಗತೊಡಗಿದವು. ಅಮೀರಬಾಯಿ, ಜೊಹರಾಬಾಯಿಯವರ ಕಂಠಗಳು ಮೈಕಿಲ್ಲದ ರಂಗಮಂದಿರದ ಕೊನೆಯ ಸಾಲಿಗೂ ತಲುಪುವಂತೆ ಬೆಳೆದವು. ಅವುಗಳಲ್ಲಿ ಮಣ್ಣಿನ ಗಡಸಿತ್ತು, ಮೂಗಿನ ಅನುರಣನವಿತ್ತು. ಧ್ವನಿಗ್ರಾಹಕ ಯಂತ್ರ ಸುಧಾರಿಸಿದಂತೆ ಪಿಸುಮಾತನ್ನೂ ಹಿಡಿಯಬಲ್ಲ ಸಾಮರ್ಥ್ಯ ಅದಕ್ಕೆ ಬಂದಿತು; ಪಿಸುಗುಟ್ಟುವಷ್ಟು ನವುರಾದ ಕಂಠಕ್ಕೆ ಬೆಲೆ ಬಂದಿತು. 1948ರಲ್ಲಿ ಗುಲಾಂ ಹೈದರರ 'ಮಜಬೂರ್', 1949ರಲ್ಲಿ 'ಮಹಲ್', 'ಬರ್ಸಾತ್', 'ಅಂದಾಜ್'. ಎರಡೇ ವರ್ಷಗಳಲ್ಲಿ ಲತಾ ಮಂಗೇಶಕರರ ಕಂಠ ನಾಡನ್ನೆಲ್ಲ ಆವರಿಸಿತು. ತಂದೆಯನ್ನು ಕಳೆದುಕೊಂಡ ಎಳೆಯ ಲತಾರಿಗೆ ಚಿತ್ರಲೋಕದಲ್ಲಿ ಮೊದಲ ಆಸರೆಯಾದವರು ಮಾಸ್ಟರ್ ವಿನಾಯಕ ಕರ್ನಾಟಕಿ. ಒಬ್ಬ ಕರ್ನಾಟಕಿ ನೀರೆರೆದ ಬಳ್ಳಿಯ ನೆರಳಿನಲ್ಲಿ ಇನ್ನೊಬ್ಬ ಕರ್ನಾಟಕಿ ಮರೆಯಾದದ್ದು ಕಾಲದ ವಿನೋದವೆನ್ನಬೇಕು.

ಲತಾರ ಮೇಲೆ ಇದರ ದೋಷವನ್ನು ಹೊರಿಸುವುದು ಅನ್ಯಾಯವಾದೀತು. ಹೆಸರಿನ ವಿಷಯದಲ್ಲಿ ಅವರಿಗೂ ಉದ್ಯಮ ಉದಾರವಾಗಿರಲಿಲ್ಲ. 'ಮಹಲ್' ಚಿತ್ರದ ಅತಿ ಪ್ರಸಿದ್ಧ ಹಾಡಿನ ತಟ್ಟೆಯ ಮೇಲೆ ಮೊದಲು ಅಚ್ಚಾದದ್ದು 'ಕಾಮಿನಿ' ಎಂಬ ಹೆಸರು. ಅದು ಕತೆಯ ಪಾತ್ರದ ಹೆಸರು. ಹಾಡಿದವಳು ಯಾರೆಂದು ಕೇಳುಗರು ರೇಡಿಯೋದವರಿಗೆ ಬರೆದು ಕೇಳಿದ ಮೇಲೆಯೇ ನಿಜವಾದ ಹೆಸರು ಜನಕ್ಕೆ ತಿಳಿದದ್ದು. ಇಂತಹ ಲತಾರೂ 1960ರ ದಶಕದಲ್ಲಿ ಮರಾಠಿ ಚಿತ್ರಗಳಿಗೆ ಸಂಗೀತ ನೀಡಿದರು. ಆದರೆ ತೆರೆಯ ಮೇಲೆ ಕಂಡ ಹೆಸರು 'ಆನಂದಘನ'. ಕೇಳಿದವರು ಯಾರೋ ಗಂಡಸೆಂದೇ ಭಾವಿಸಬಹುದಾದ ಹೆಸರು. 1965ರ 'ಸಾಧೀ ಮಾಣಸಂ' ಚಿತ್ರದ ಸಂಗೀತಕ್ಕೆ ಮಹಾರಾಷ್ಟ್ರ ಸರ್ಕಾರದ ಪ್ರಶಸ್ತಿ ಬಂದಾಗ, ಆನಂದಘನರು ಯಾರೆಂದು ಸಭೆಗೆ ತಿಳಿಸಿಕೊಡಬೇಕಾಯಿತು. ಕೀರ್ತಿಶಿಖರದಲ್ಲಿದ್ದ ಗಾಯಕಿಯೂ ಸಂಗೀತ ನಿರ್ದೇಶನಕ್ಕೆ ಕುಳಿತಾಗ ಮರೆಹೆಸರನ್ನು ಹಿಡಿದರೆಂದರೆ, ಅದಕ್ಕೂ ಹದಿನೈದು ವರ್ಷ ಮೊದಲು ಬೀಳಗಿಯವರು ತೋರಿದ ಧೈರ್ಯದ ತೂಕ ಎಷ್ಟೆಂದು ಬೇರೆ ಹೇಳಬೇಕಾಗಿಲ್ಲ.

ಇದು ನಮ್ಮ ದೇಶದ ಹಿಂದುಳಿದಿರುವಿಕೆ ಎಂದು ಯಾರಾದರೂ ನಿಟ್ಟುಸಿರು ಬಿಡುವ ಮುನ್ನ ಹಾಲಿವುಡ್ಡಿನ ಕಡೆಗೂ ಕಣ್ಣು ಹಾಯಿಸುವುದು ಮೇಲು. ಅಲ್ಲಿನ ಅಕಾಡೆಮಿ ಚಿತ್ರಸಂಗೀತಕ್ಕೆ ಪ್ರಶಸ್ತಿ ಕೊಡಲಾರಂಭಿಸಿದ್ದು 1934ರ ಚಿತ್ರಗಳಿಂದ, ಎಂದರೆ ಬಿಬ್ಬೋ ಮುಂಬಯಿಯಲ್ಲಿ ಸಂಗೀತ ಕೊಟ್ಟ, ಅಮೀರಬಾಯಿ ಮೊದಲು ತೆರೆಯ ಮೇಲೆ ಬಂದ ವರ್ಷದಿಂದ. ಚಿತ್ರದ ಹಿನ್ನೆಲೆ ಸಂಗೀತದ ರಚನೆಗಾಗಿ ಆ ಪ್ರಶಸ್ತಿ ಒಬ್ಬ ಸ್ತ್ರೀ ಸಂಯೋಜಕಿಯ ಕೈ ಸೇರಿದ್ದು 1997ರಲ್ಲಿ. 'ಎಮ್ಮಾ' ಚಿತ್ರಕ್ಕಾಗಿ ಇಂಗ್ಲೆಂಡಿನ ರೇಚಲ್ ಪೋರ್ಟ್‌ಮನ್ ಅದನ್ನು ಪಡೆದರು. ಅರವತ್ತು ವರ್ಷಗಳಿಗೂ ಮಿಕ್ಕಿದ ಕಾಲಾಂತರ! ನಮ್ಮಲ್ಲಿ 1959ರಲ್ಲಿ 'ದಿಲ್ ದೇಕೆ ದೇಖೋ' ಚಿತ್ರದಿಂದ ಆರಂಭಿಸಿದ ಉಷಾ ಖನ್ನಾ ಹಲವು ದಶಕಗಳ ಕಾಲ ಆ ಪೀಠದಲ್ಲಿ ನಿಂತರು. ಆದರೂ ಅವರ ಜೊತೆಗೆ ಹೆಸರಿಸಲು ಕೈಬೆರಳುಗಳೇ ಹೆಚ್ಚಾಗುವವು. ಹೆಂಗಸಿನ ಕಂಠವಿಲ್ಲದೆ ಒಂದು ದಿನವೂ ನಡೆಯದ ಉದ್ಯಮ ಹೆಂಗಸಿನ ಸಂಗೀತಬುದ್ಧಿಯನ್ನು ಮಾತ್ರ ಅತಿಥಿಯಂತೆ ನಡೆಸಿಕೊಂಡಿತು. ಬಾಗಿಲಲ್ಲಿ ನಿಲ್ಲಿಸಿ ಮಾತನಾಡಿಸಿ ಕಳುಹಿಸಿತು.

ಅಮೀರಬಾಯಿಯವರ ಉಳಿದ ವರ್ಷಗಳಲ್ಲಿ ಆರ್ಭಟವಿಲ್ಲ. ಹಿನ್ನೆಲೆ ಗಾಯನದ ಅವಕಾಶಗಳು ಕುಗ್ಗಿದ ಮೇಲೆ ಅವರು ಮತ್ತೆ ನಟನೆಗೆ ಮರಳಿ ಚಿಕ್ಕಪುಟ್ಟ ಪಾತ್ರಗಳನ್ನು ನಿರ್ವಹಿಸಿದರು. ಮರುಮದುವೆಯಾಗಿ ಬಾಳಿನಲ್ಲಿ ನೆಮ್ಮದಿಯನ್ನೂ ಕಂಡರು. ತಾಯ್ನೆಲದ ನಂಟು ಕಡಿಯಲಿಲ್ಲ. ಕನ್ನಡದಲ್ಲಿಯೂ ಹಾಡಿ ಧ್ವನಿಮುದ್ರಿಕೆ ಕೊಟ್ಟರು. ಬಿಜಾಪುರದಲ್ಲಿ ಅವರ ಹೆಸರಿನ ಚಿತ್ರಮಂದಿರ, ಅಮೀರ್ ಟಾಕೀಸು, ತಲೆಯೆತ್ತಿತು. ಒಂದು ಕಾಲಕ್ಕೆ ಅವರ ಕಂಠವನ್ನು ಕೇಳಲು ಟಿಕೆಟು ಕೊಂಡ ಊರಿನಲ್ಲಿಯೇ ಟಿಕೆಟಿನ ಮೇಲೆ ಅವರ ಹೆಸರು ಅಚ್ಚಾಯಿತು. ಕಲಾವಿದೆಯೊಬ್ಬರು ಗಳಿಸಿದ್ದು ಕರಗಿಹೋಗುವುದೇ ರೂಢಿಯಾಗಿದ್ದ ಕಾಲದಲ್ಲಿ, ಬಯಲುಸೀಮೆಯ ಮಗಳು ಕಲ್ಲುಸುಣ್ಣದಲ್ಲಿಯೂ ಒಂದು ಅಂಕಿತವನ್ನಿಟ್ಟದ್ದು ವಿವೇಕವೆನ್ನಬೇಕು. 1965ರ ಮಾರ್ಚ್ 3ರಂದು ಅವರು ತೀರಿಕೊಂಡರು. ಅವರ ಸಮಾಧಿ ಬಿಜಾಪುರದ ಮಣ್ಣಿನಲ್ಲಿದೆ. ಅಕ್ಕ ಗೋಹರಬಾಯಿ ಅದರ ಹಿಂದಿನ ವರ್ಷವೇ ಕಾಲವಾಗಿದ್ದರು.

ಅವರು ತೀರಿಕೊಂಡಾಗ ಕನ್ನಡ ಸೀಮೆಗಳು ಒಂದಾಗಿದ್ದವು. 1956ರ ನವೆಂಬರ್ 1ರಂದು ಹೊಸ ರಾಜ್ಯ ಹುಟ್ಟಿತ್ತು. ಬಿಜಾಪುರವೂ ಅದರಲ್ಲಿ ಸೇರಿತ್ತು. ಆದರೆ ಆ ರಾಜ್ಯದ ಹೆಸರು ಮೈಸೂರು. ಕರ್ನಾಟಕವೆಂಬ ಹೆಸರು ಅದಕ್ಕೆ ಬಂದದ್ದು 1973ರ ನವೆಂಬರ್ 1ರಂದು. ಎಂದರೆ ಅಮೀರಬಾಯಿ ತಮ್ಮ ಜೀವಮಾನವಿಡೀ ಯಾವ ನಾಡಿನ ಹೆಸರನ್ನು ಹೊತ್ತು ಹಾಡಿದರೋ ಆ ಹೆಸರಿನ ರಾಜ್ಯವನ್ನು ಕಣ್ಣಾರೆ ಕಾಣಲಿಲ್ಲ. ಅವರು ಮಣ್ಣಾಗಿ ಎಂಟು ವರ್ಷಗಳ ಮೇಲೆ ನಾಡು ಅವರ ಹೆಸರನ್ನು ಹಿಂಬಾಲಿಸಿ ಬಂದಿತು. ಏಕೀಕರಣಕ್ಕಾಗಿ ದುಡಿದವರ ಪಟ್ಟಿಯಲ್ಲಿ ಈ ಗಾಯಕಿಯ ಹೆಸರನ್ನು ಯಾರೂ ಬರೆದಿಲ್ಲ. ಅವರು ಭಾಷಣ ಮಾಡಿದವರಲ್ಲ, ಸೆರೆಮನೆಗೆ ಹೋದವರಲ್ಲ. ಆದರೆ ಕನ್ನಡವೇ ತಿಳಿಯದ ಲಾಹೋರಿನ, ಕಾನಪುರದ, ಢಾಕಾದ ಮನೆಗಳಲ್ಲಿ ತಟ್ಟೆಯ ನಡುವಣ ಹೆಸರನ್ನು ಓದಿದ ಮಕ್ಕಳು 'ಕರ್ನಾಟಕ ಎಲ್ಲಿದೆ?' ಎಂದು ಹಿರಿಯರನ್ನು ಕೇಳಿರಲಾರರೇ? ಭೂಪಟ ಉತ್ತರಿಸಲಾರದಿದ್ದ ಆ ಪ್ರಶ್ನೆಗೆ ಒಂದು ಕಂಠ ಉತ್ತರವಾಗಿತ್ತು.

ಅವರ ನೆನಪನ್ನು ನಾಡು ಎಷ್ಟರಮಟ್ಟಿಗೆ ಉಳಿಸಿಕೊಂಡಿದೆ ಎಂದು ಕೇಳಿದರೆ ಉತ್ತರ ಮಿಶ್ರವಾದದ್ದು. ಬಹುಕಾಲ ಅವರು ಹಳೆಯ ತಟ್ಟೆಗಳನ್ನು ಕೂಡಿಡುವ ರಸಿಕರ ಸೊತ್ತಾಗಿಯೇ ಉಳಿದಿದ್ದರು. ಈ ಶತಮಾನದಲ್ಲಿ ವಿಮರ್ಶಕ ರಹಮತ್ ತರೀಕೆರೆಯವರು ಅವರ ಜೀವನವನ್ನು ಅರಸಿ ಒಂದು ಗ್ರಂಥವನ್ನೇ ಬರೆದ ಮೇಲೆ ಕನ್ನಡದ ವಾಚಕರಿಗೆ ಅವರ ಪರಿಚಯ ಮತ್ತೆ ಆಯಿತು. ಆದರೂ ಅವರನ್ನು ನೆನೆಯುವವರು ಸಾಮಾನ್ಯವಾಗಿ ನೆನೆಯುವುದು ಕಂಠವನ್ನು. ಸಂಗೀತ ನಿರ್ದೇಶನದ ಮಾತು ಬರುವುದು ಕಡೆಗೆ, ಅಡಿಟಿಪ್ಪಣಿಯಂತೆ, ಒಂದು ವಾಕ್ಯದಲ್ಲಿ. ಬಾಳಿನ ಮೂವತ್ತು ವರ್ಷಗಳ ಗಾಯನದೆದುರು ಒಂದು ಚಿತ್ರದ ಸಂಯೋಜನೆ ಅಲ್ಪವೆಂದು ತೋರುವುದು ಸಹಜ. ಆದರೆ ಮಾನವನ ಸಾಧನೆಯನ್ನು ಸೇರಿನಿಂದ ಅಳೆಯಲಾಗದು. ನೂರು ಸಲ ಕರೆಸಿಕೊಂಡು ಹೋದ ಮನೆಯ ಲೆಕ್ಕ ಬೇರೆ, ಒಂದು ಸಲವಾದರೂ ತಾನೇ ಯಜಮಾನಿಯಾಗಿ ಹತ್ತು ಜನರನ್ನು ಕರೆದ ಮನೆಯ ಲೆಕ್ಕ ಬೇರೆ.

ಮಕ್ಕಳಿಗೆ ಸಂಗೀತ ಕಲಿಸುವ ಮನೆಗಳು ಇಂದು ನಗರಗಳಲ್ಲಿ ಹೇರಳವಾಗಿವೆ. ಹೆಣ್ಣುಮಗುವಿಗೆ ಒಳ್ಳೆಯ ಕಂಠವಿದ್ದರೆ ತಾಯಿತಂದೆಗಳು ಹಿಗ್ಗುತ್ತಾರೆ, ಸ್ಪರ್ಧೆಗೆ ಕಳುಹಿಸುತ್ತಾರೆ, ಬಂಧುಗಳು ಬಂದಾಗ ಒಂದು ಹಾಡು ಹೇಳಿಸುತ್ತಾರೆ. ಅದೇ ಮಗು ಹೇಳಿಕೊಟ್ಟ ಹಾಡನ್ನು ಬಿಟ್ಟು ತನ್ನದೇ ಒಂದು ಮಟ್ಟನ್ನು ಗುನುಗಿದರೆ 'ಪಾಠದಂತೆ ಹಾಡು' ಎಂದು ಗದರುವವರೇ ಹೆಚ್ಚು. ಪಾಠವಿಲ್ಲದೆ ಹಾಡಿಲ್ಲವೆಂಬುದು ನಿಜ. ಆದರೆ ಪಾಠ ಮುಗಿದ ಮೇಲೆ ತೆರೆಯುವ ಬಾಗಿಲೊಂದಿದೆ ಎಂಬುದನ್ನು ಆ ಮಗುವಿಗೆ ಯಾರಾದರೂ ಹೇಳಬೇಕು. ಬೀಳಗಿಯ ಬಡಮನೆಯೊಂದರಿಂದ ಹೊರಟವರು ಆ ಬಾಗಿಲನ್ನು 1948ರಲ್ಲಿಯೇ ತಟ್ಟಿ, ಒಳಗೆ ಹೋಗಿ, ತಮ್ಮ ಹೆಸರು ಬರೆದು ಬಂದರು. 'ಕರ್ನಾಟಕಿ' ಎಂದು ಸ್ಪಷ್ಟವಾಗಿಯೇ ಬರೆದರು.